ಕೌಬಾಯ್ ಅಣಕ ನೋಡಿ ಹಾಲ್‌ನಲ್ಲಿ ಯಾರೂ ನಗಲಿಲ್ಲ. ತಪ್ಪು ಯಾರದ್ದು?

ಓದುಗರ ಪ್ರಶ್ನೆ: “ಸಾಗರದಲ್ಲಿ ನಾವು ಒಂದಷ್ಟು ಜನ ಸೇರಿ ತಿಂಗಳಿಗೊಮ್ಮೆ ಹಳೆಯ ಸಿನಿಮಾ ತೋರಿಸುತ್ತೇವೆ. ಶಾಲೆಯ ಹಾಲ್, ಒಂದು ಪ್ರೊಜೆಕ್ಟರ್, ಮಕ್ಕಳಿಂದ ಹಿಡಿದು ಅಜ್ಜಂದಿರವರೆಗೆ ನೋಡುಗರು. ಕಳೆದ ಸಲ ಅಮೆರಿಕದ ಮೂಕಿ ಹಾಸ್ಯನಟ, ನಿರ್ದೇಶಕ ಬಸ್ಟರ್ ಕೀಟನ್ ಅವರ 1922ರ ಕಿರುಚಿತ್ರ ‘ದಿ ಫ್ರೋಜನ್ ನಾರ್ತ್’ ಹಾಕಿದೆವು. ಕೌಬಾಯ್ ಸಿನಿಮಾಗಳ ಅಣಕ, ಚಿಕ್ಕದು, ಹೊಟ್ಟೆ ಹುಣ್ಣಾಗುವಷ್ಟು ನಗು ಅಂತ ಹೇಳಿ ಎಲ್ಲರನ್ನೂ ಕರೆದಿದ್ದೆ. ಆದರೆ ಹೀರೊ ಒಂದು ಮನೆಗೆ ನುಗ್ಗಿ ಗಂಡು ಹೆಣ್ಣು ಇಬ್ಬರಿಗೂ ಗುಂಡು ಹೊಡೆದಾಗ ಹಾಲ್ ತಣ್ಣಗಾಯಿತು. ‘ಇದು ಕಾಮಿಡಿಯೇನಪ್ಪಾ?’ ಅಂತ ಹಿರಿಯರೊಬ್ಬರು ಕೇಳಿದರು. ನನ್ನ ಹತ್ತಿರ ಉತ್ತರ ಇರಲಿಲ್ಲ. ನಾನು ಡೌನ್‌ಲೋಡ್ ಮಾಡಿದ ಪ್ರತಿಯೇ ಸರಿಯಿಲ್ಲವೇ? ಯಾರ ಮೇಲಿನದೋ ಸೇಡಿಗೆ ಕೀಟನ್ ಇದನ್ನು ಮಾಡಿದರು ಅಂತ ಓದಿದೆ, ನಿಜವೇ? ಕೌಬಾಯ್ ಚಿತ್ರದಲ್ಲಿ ಹಿಮ ಯಾಕೆ? ಇನ್ನೊಮ್ಮೆ ತೋರಿಸುವ ಆಸೆ ಇದೆ. ಆ ದೃಶ್ಯ ಕತ್ತರಿಸಿ, ಕನ್ನಡದಲ್ಲಿ ವಿವರಣೆ ಮತ್ತು ಹಿನ್ನೆಲೆ ಸಂಗೀತ ಸೇರಿಸಬಹುದೇ? ಕಾಪಿರೈಟ್ ತೊಂದರೆ ಬರುತ್ತದೆಯೇ?”

ಉತ್ತರ:

ನೀವು ಕೇಳಿರುವ ಪ್ರಶ್ನೆಗಳು ನಾಲ್ಕೈದು, ಚಿಂತೆ ಮಾತ್ರ ಒಂದೇ. ನಗಬೇಕಾದ ಕಡೆ ಜನ ನಗಲಿಲ್ಲ. ತಪ್ಪು ಸಿನಿಮಾದ್ದೋ, ಪ್ರತಿಯದ್ದೋ, ನಮ್ಮದೋ? ಮೂಕಿ ಚಿತ್ರಗಳನ್ನು ತೋರಿಸುವುದು, ಅವುಗಳ ಬಗ್ಗೆ ಪಾಠ ಮಾಡುವುದು ನನ್ನ ಕೆಲಸ. ಇದೇ ಚಿತ್ರಕ್ಕೆ ಇದೇ ಮೌನವನ್ನು ನಾನೂ ಕಂಡಿದ್ದೇನೆ. ನಿಮ್ಮ ನೋಡುಗರು ಸರಿಯಾಗಿಯೇ ನೋಡಿದ್ದಾರೆ. ಆ ಹಿರಿಯರು ಕೇಳಿದ್ದು ಕೇಳಲೇಬೇಕಾದ ಪ್ರಶ್ನೆ. ಅವರಿಗೆ ಸಿಗದೇ ಹೋಗಿದ್ದು ಒಂದೇ: ಕೀಟನ್ ಇಲ್ಲಿ ಯಾರನ್ನು ಅಣಕಿಸುತ್ತಿದ್ದಾರೆ ಅನ್ನುವ ಪರಿಚಯ.

ಪ್ರತಿಯ ವಿಷಯ ಬೇಗ ಮುಗಿಸೋಣ. ಇದು ಎರಡು ರೀಲಿನ ಚಿತ್ರ. ಈಗ ಸಾಮಾನ್ಯವಾಗಿ ಸಿಗುವ ಪ್ರತಿಗಳು ಸುಮಾರು 17 ನಿಮಿಷ ಓಡುತ್ತವೆ. ನಿಮ್ಮದೂ ಅಷ್ಟೇ ಇದ್ದರೆ ತಲೆ ಕೆಡಿಸಿಕೊಳ್ಳಬೇಡಿ. ಗುಂಡು ಹೊಡೆಯುವ ದೃಶ್ಯ ಯಾರೋ ಸೇರಿಸಿದ್ದಲ್ಲ, ಮೂಲದಲ್ಲೇ ಇದೆ. ಪರೀಕ್ಷಿಸಬೇಕಾದ್ದು ವೇಗವನ್ನು. ಒಂದೇ ರೀಲನ್ನು ಜೋರಾಗಿ ಓಡಿಸಿದರೆ ಬೇಗ ಮುಗಿಯುತ್ತದೆ, ನಿಧಾನಕ್ಕೆ ಓಡಿಸಿದರೆ ಹೆಚ್ಚು ಹೊತ್ತು ಓಡುತ್ತದೆ. ಮೂಕಿ ಕಾಲದಲ್ಲಿ ಎಲ್ಲ ಕಡೆ ಒಂದೇ ವೇಗ ಇರಲಿಲ್ಲ. ಅದಕ್ಕೇ ಕೆಲವು ಪ್ರತಿಗಳಲ್ಲಿ ಜನ ಕೀಲಿ ಕೊಟ್ಟ ಬೊಂಬೆಗಳ ಹಾಗೆ ಓಡುತ್ತಾರೆ. ಮೂಕಿ ಚಿತ್ರ ಅಂದರೆ ಹಾಗೇ ಇರುತ್ತದೆ ಅನ್ನುವುದು ತಪ್ಪು ನಂಬಿಕೆ. ಕೀಟನ್ ಅವರ ಹಾಸ್ಯಕ್ಕೆ ನಿಲುಗಡೆ ಬೇಕು. ಅವರು ನಿಂತು ನೋಡುವ ಆ ಒಂದು ಕ್ಷಣ ಓಟದಲ್ಲಿ ಕಳೆದುಹೋದರೆ ಅರ್ಧ ಹಾಸ್ಯ ಹೋದಂತೆ.

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ಈ ಚಿತ್ರ ಕೌಬಾಯ್ ಸಿನಿಮಾಗಳನ್ನೆಲ್ಲ ಒಟ್ಟಾಗಿ ಅಣಕಿಸುವುದಿಲ್ಲ. ಅದರ ಗುರಿ ಮುಖ್ಯವಾಗಿ ಒಬ್ಬ ನಟ, ವಿಲಿಯಂ ಎಸ್. ಹಾರ್ಟ್. ಆರ್ಕೆಸ್ಟ್ರಾ ವೇದಿಕೆ ಮೇಲೆ ಮಿಮಿಕ್ರಿಯವರು ವಿಷ್ಣುವರ್ಧನ್ ಥರ ಕೈಕಡಗ ತಿರುಗಿಸಿದರೆ ನಾವು ಚಪ್ಪಾಳೆ ಹೊಡೆಯುತ್ತೇವೆ. ವಿಷ್ಣು ಸಿನಿಮಾ ಒಂದೂ ನೋಡದವರಿಗೆ ಅದು ಸುಮ್ನೆ ಒಬ್ಬ ಮನುಷ್ಯ ಕೈ ತಿರುಗಿಸಿದ ಹಾಗೆ ಕಾಣುತ್ತದೆ, ಅಲ್ವಾ? ನಿಮ್ಮ ಹಾಲ್‌ನಲ್ಲಿ ಆಗಿದ್ದು ಅದೇ.

ಹಾರ್ಟ್ ಹುಟ್ಟಿದ್ದು 1864ರಲ್ಲಿ, ನ್ಯೂಯಾರ್ಕ್ ರಾಜ್ಯದಲ್ಲಿ. ಬಾಲ್ಯದ ಒಂದಷ್ಟು ಕಾಲ ಡಕೋಟ ಕಡೆ ಕಳೆದವರು. ರಂಗಭೂಮಿಯಲ್ಲಿ ಹೆಸರು ಮಾಡಿ, ಐವತ್ತರ ಹೊಸ್ತಿಲಲ್ಲಿ, 1914ರಲ್ಲಿ ಸಿನಿಮಾಕ್ಕೆ ಬಂದರು. ಆಗಿನ ಕೌಬಾಯ್ ಚಿತ್ರಗಳ ಥಳುಕು ಅವರಿಗೆ ಹಿಡಿಸಲಿಲ್ಲ. ಬಟ್ಟೆ ಧೂಳಾಗಿರಬೇಕು, ಊರು ಹರಕುಮುರುಕಾಗಿರಬೇಕು, ಕುದುರೆ ನಿಜವಾದ ಕುದುರೆಯಂತಿರಬೇಕು ಎನ್ನುವ ಹಟ ಅವರದ್ದು. ಅವರ ಕುದುರೆ ಫ್ರಿಟ್ಜ್‌ಗೂ ಅಭಿಮಾನಿಗಳಿದ್ದರು. ಅವರನ್ನು ನಕಲಿ ಕೌಬಾಯ್ ಅಂತ ಹೀಯಾಳಿಸುವ ಬರಹಗಳು ಕಣ್ಣಿಗೆ ಬೀಳುತ್ತವೆ. ಅದನ್ನು ನಾನು ಒಪ್ಪುವುದಿಲ್ಲ. ಪಶ್ಚಿಮದ ನಿಜವಾದ ಗನ್‌ಮ್ಯಾನ್ ವಯಟ್ ಅರ್ಪ್ ಇದೇ ಹಾರ್ಟ್ ಅವರ ಸ್ನೇಹಿತ. 1929ರಲ್ಲಿ ಅರ್ಪ್ ತೀರಿಕೊಂಡಾಗ ಶವಪೆಟ್ಟಿಗೆ ಹೊತ್ತವರಲ್ಲಿ ಹಾರ್ಟ್ ಒಬ್ಬರು.

ಆದರೆ ಹಾರ್ಟ್ ಅವರ ಕಥೆಗೆ ಒಂದು ಅಚ್ಚಿತ್ತು. ಹೀರೊ ಕೆಟ್ಟವನು. ಕುಡಿಯುತ್ತಾನೆ, ದೋಚುತ್ತಾನೆ, ಗುಂಡು ಹಾರಿಸುತ್ತಾನೆ. ಊರಿಗೆ ಒಬ್ಬ ಒಳ್ಳೆಯ ಹೆಣ್ಣುಮಗಳು ಬರುತ್ತಾಳೆ. ಅವಳ ಮುಖ ನೋಡಿದ್ದೇ ತಡ, ಇವನ ಮನಸ್ಸು ಕರಗುತ್ತದೆ. 1916ರ ‘ಹೆಲ್ಸ್ ಹಿಂಜಸ್’ ನೋಡಿ. ಹೊಸ ಪಾದ್ರಿಯನ್ನು ಊರಿಂದ ಓಡಿಸಲು ಬಂದ ಬ್ಲೇಜ್ ಟ್ರೇಸಿ ಆ ಪಾದ್ರಿಯ ತಂಗಿಯನ್ನು ಕಾಣುತ್ತಾನೆ. ಕೆಟ್ಟವನೊಬ್ಬ ಮೊದಲ ಸಲ ಒಳ್ಳೆಯದನ್ನು ನೋಡುತ್ತಿದ್ದಾನೆ ಎಂಬರ್ಥದ ಟೈಟಲ್ ಕಾರ್ಡ್ (ಮೂಕಿ ಚಿತ್ರಗಳಲ್ಲಿ ನಡುನಡುವೆ ತೋರಿಸುವ ಬರಹ) ಬರುತ್ತದೆ. ಅಲ್ಲಿಂದ ಅವನು ಬೇರೆಯೇ ಮನುಷ್ಯ. ಕೊನೆಗೆ ಇಡೀ ಪಾಪದ ಊರಿಗೆ ಬೆಂಕಿ ಇಡುತ್ತಾನೆ. ನೋಡುಗರು ಅದಕ್ಕೂ ತಲೆದೂಗುತ್ತಾರೆ, ಯಾಕೆಂದರೆ ಅವನೀಗ ಒಳ್ಳೆಯವನು. ಇನ್ನೊಂದು ಗುರುತು ಕಣ್ಣೀರು. ಕಲ್ಲಿನಲ್ಲಿ ಕೆತ್ತಿದಂಥ ಉದ್ದ ಮುಖ, ಅದರ ಮೇಲೆ ನಿಧಾನಕ್ಕೆ ಇಳಿಯುವ ನೀರು. ಆ ಕಾಲದ ಪ್ರೇಕ್ಷಕರಿಗೆ ಅದು ತುಂಬ ಇಷ್ಟ.

ಇದನ್ನೆಲ್ಲ ತಲೆಯಲ್ಲಿಟ್ಟುಕೊಂಡು ನಿಮ್ಮ ಹಾಲ್ ತಣ್ಣಗಾದ ಆ ಗುಡಿಸಲಿನ ದೃಶ್ಯಕ್ಕೆ ವಾಪಸ್ ಬನ್ನಿ. ಕೀಟನ್ ಬಾಗಿಲು ತೆಗೆದು ಒಳಗೆ ಬರುತ್ತಾರೆ. ಗಂಡು ಹೆಣ್ಣು ತಬ್ಬಿಕೊಂಡು ಮುದ್ದಿಸುತ್ತಿದ್ದಾರೆ. ತನ್ನ ಹೆಂಡತಿ ಇನ್ನೊಬ್ಬನ ತೋಳಿನಲ್ಲಿ! ಕ್ಯಾಮೆರಾ ಕೀಟನ್ ಮುಖವನ್ನು ತೋರಿಸುತ್ತದೆ. ಮುಖದಲ್ಲಿ ಒಂದು ಗೆರೆಯೂ ಅಲುಗಾಡುವುದಿಲ್ಲ. ಗ್ಲಿಸರಿನ್ ಹನಿಗಳು ಮಾತ್ರ ದಪ್ಪಗೆ ಕೆನ್ನೆ ಮೇಲೆ ಇಳಿಯುತ್ತವೆ. 1922ರ ಪ್ರೇಕ್ಷಕ ಅಷ್ಟರಲ್ಲೇ ನಗುತ್ತಿದ್ದ, ಯಾಕೆಂದರೆ ಅದು ಯಾರ ಕಣ್ಣೀರು ಅಂತ ಅವನಿಗೆ ಗೊತ್ತು. ನಂತರ ಗುಂಡು. ಇಬ್ಬರೂ ಬೀಳುತ್ತಾರೆ. ಆಮೇಲೆ ಕೀಟನ್ ಹತ್ತಿರ ಹೋಗಿ ನೋಡಿದರೆ ಅದು ತನ್ನ ಮನೆಯೂ ಅಲ್ಲ, ಆಕೆ ತನ್ನ ಹೆಂಡತಿಯೂ ಅಲ್ಲ!

ಇದು ಕ್ರೂರ ಹಾಸ್ಯ. ಅದರಲ್ಲಿ ಅನುಮಾನವೇ ಬೇಡ, ನಿಮ್ಮ ನೋಡುಗರಿಗೆ ಅದನ್ನು ಮೃದು ಮಾಡಿ ಹೇಳಬೇಕಾಗಿಯೂ ಇಲ್ಲ. ಹಾರ್ಟ್ ಚಿತ್ರಗಳಲ್ಲಿ ಹೀರೊನ ಕಣ್ಣೀರಿಗೆ ಒಂದು ಅಧಿಕಾರ ಇತ್ತು. ಅವನು ಅತ್ತರೆ ಅವನ ಕೋಪ ನ್ಯಾಯ, ಅವನ ಗುಂಡು ನ್ಯಾಯ. ಕೀಟನ್ ಆ ಅಧಿಕಾರವನ್ನು ಕಿತ್ತುಕೊಂಡರು. ಅದೇ ಕಣ್ಣೀರು, ಅದೇ ಗುಂಡು, ಮನೆ ಮಾತ್ರ ಬೇರೆಯವರದ್ದು. ಆಗ ಉಳಿಯುವುದೇನು? ಸತ್ತ ಇಬ್ಬರು ನಿರಪರಾಧಿಗಳು, ತನ್ನ ದುಃಖದಲ್ಲೇ ಮುಳುಗಿದ ಒಬ್ಬ ಅಪಾಯಕಾರಿ ಮನುಷ್ಯ. ಚಿತ್ರದುದ್ದಕ್ಕೂ ಹೀಗೆಯೇ. ಇವನು ನಿಜವಾದ ತನ್ನ ಮನೆಗೆ ಬಂದಾಗ ಹೆಂಡತಿಯ ತಲೆಗೆ ಏಟು ಬಿದ್ದು ಎಚ್ಚರ ತಪ್ಪುತ್ತದೆ. ಪೊಲೀಸ್ ಬಂದರೆ ಗ್ರಾಮಫೋನ್ ಹಾಕಿ, ಎಚ್ಚರವಿಲ್ಲದ ಅವಳನ್ನೇ ಎತ್ತಿಕೊಂಡು ಕುಣಿಯುತ್ತಾನೆ. ಪಕ್ಕದ ಮನೆಯ ಹೆಂಗಸಿನ ಮೇಲೆ ಕಣ್ಣು ಹಾಕುತ್ತಾನೆ. ಹಾರ್ಟ್ ಅವರ ಹೀರೊಗೆ ಸಿಗುತ್ತಿದ್ದ ಕ್ಷಮೆ ಇವನಿಗೆ ಎಲ್ಲೂ ಸಿಗುವುದಿಲ್ಲ. ಮನಸ್ಸು ಕರಗುವ ದೃಶ್ಯವೇ ಇಲ್ಲ. ಕೀಟನ್ ಉಳಿದ ಚಿತ್ರಗಳಲ್ಲಿ ನಾವು ಪ್ರೀತಿಸುವ ಆ ಪಾಪದ ಹುಡುಗ ಇಲ್ಲಿ ಕಾಣಿಸುವುದಿಲ್ಲ. ಕೀಟನ್ ಅಭಿಮಾನಿಗಳಿಗೇ ಇದು ಒಗ್ಗದ ಚಿತ್ರವಾಗಿರುವುದಕ್ಕೆ ಕಾರಣ ಇದೇ ಅಂತ ನನ್ನ ಅನಿಸಿಕೆ.

ಇನ್ನೊಂದು ಸುಳಿವು ಚಿತ್ರದ ಕೊನೆಯಲ್ಲಿದೆ. ಅದನ್ನು ನಿಮ್ಮ ಹಾಲ್‌ನಲ್ಲಿ ಎಷ್ಟು ಜನ ಗಮನಿಸಿದರೋ. ಹೆಂಡತಿ ಕಿಟಕಿಯಿಂದ ಇವನಿಗೆ ಗುಂಡು ಹೊಡೆಯುತ್ತಾಳೆ. ತಕ್ಷಣ ಎಚ್ಚರ. ಇವನು ಕೂತಿರುವುದು ಸಿನಿಮಾ ಮಂದಿರದ ಕುರ್ಚಿಯಲ್ಲಿ. ಆಟ ಮುಗಿದಿದೆ, ಅಲ್ಲಿಯ ಕೆಲಸದವನು ಎಬ್ಬಿಸುತ್ತಿದ್ದಾನೆ. ‘ಕನಸು ಅಂತ ಹೇಳಿ ಜಾರಿಕೊಂಡರು’ ಎನ್ನುವವರಿದ್ದಾರೆ. ನನಗೆ ಹಾಗನಿಸುವುದಿಲ್ಲ. ಕನಸು ಕಂಡವನು ಒಬ್ಬ ಪ್ರೇಕ್ಷಕ ಅನ್ನುವುದೇ ಇಲ್ಲಿ ಮುಖ್ಯ. ಮೊದಲ ದೃಶ್ಯವನ್ನು ನೆನಪಿಸಿಕೊಳ್ಳಿ. ಹಿಮದ ಬಯಲಿನ ನಡುವೆ ನಗರದ ಸುರಂಗ ರೈಲಿನ ನಿಲ್ದಾಣ, ಅದರೊಳಗಿಂದ ಹತ್ತಿ ಬರುವ ಕೀಟನ್. ನಗರದವನೊಬ್ಬ ರೈಲು ಹತ್ತಿ ಕೌಬಾಯ್ ಆಗಲು ಬಂದಿದ್ದಾನೆ! ಮೊದಲ ದರೋಡೆ ಮಾಡುವುದೂ ಪೋಸ್ಟರ್ ಇಟ್ಟುಕೊಂಡು. ಪಿಸ್ತೂಲು ಹಿಡಿದ ಕೌಬಾಯ್ ಚಿತ್ರವನ್ನು ಕತ್ತರಿಸಿ ಕಿಟಕಿಯಲ್ಲಿ ನಿಲ್ಲಿಸುತ್ತಾನೆ. ಒಳಗೆ ಜೂಜಾಡುವವರು ಹೊರಗೊಬ್ಬ ಜೊತೆಗಾರ ಇದ್ದಾನೆ ಅಂದುಕೊಂಡು ಕೈ ಎತ್ತುತ್ತಾರೆ. ಅದು ಬರೀ ಕಾಗದ ಅಂತ ಗೊತ್ತಾದಾಗ ಇವನನ್ನು ಎತ್ತಿ ಹೊರಗೆ ಬಿಸಾಡುತ್ತಾರೆ. ನಾನು ಕಂಡ ಅಣಕಗಳಲ್ಲಿ ಇಷ್ಟು ಚೊಕ್ಕವಾದ ಉಪಾಯ ಕಡಿಮೆ. ಹೀರೊನ ಧೈರ್ಯವೆಲ್ಲ ಪೋಸ್ಟರ್‌ನಲ್ಲಿದೆ.

ಚಿತ್ರದ ನಡುವೆ ಕೀಟನ್ ಇದ್ದಕ್ಕಿದ್ದಂತೆ ಬಿಳಿ ಸೇನಾ ಸಮವಸ್ತ್ರದಲ್ಲಿ ಬರುತ್ತಾರಲ್ಲ, ಅದು ಕೂಡ ಒಬ್ಬರ ಅಣಕ. ನಟ, ನಿರ್ದೇಶಕ ಎರಿಕ್ ವಾನ್ ಸ್ಟ್ರೋಹೈಮ್ ಅವರದ್ದು. ಅವರ ‘ಫೂಲಿಷ್ ವೈವ್ಸ್’ ಅದೇ 1922ರ ಜನವರಿಯಲ್ಲಿ ತೆರೆಕಂಡಿತ್ತು. ಅದರಲ್ಲಿ ಅವರದ್ದು ಹೆಂಗಸರನ್ನು ಬಲೆಗೆ ಬೀಳಿಸುವ ಖಳನ ಪಾತ್ರ. ಒಂದೇ ಮನುಷ್ಯ ಮೊದಲು ಹಾರ್ಟ್, ಆಮೇಲೆ ಸ್ಟ್ರೋಹೈಮ್ ಯಾಕಾಗುತ್ತಾನೆ? ಸಿನಿಮಾ ನೋಡುತ್ತ ನಿದ್ದೆ ಹೋದವನ ತಲೆಯಲ್ಲಿ ಎಲ್ಲ ಹೀರೊಗಳೂ ಖಳರೂ ಕಲಸಿಹೋಗಿದ್ದಾರೆ. ಹಾಗಾಗಿ ಹಾರ್ಟ್ ಜೊತೆಗೆ, ಅಂಥ ಹೀರೊಗಳನ್ನು ನೋಡಿ ತಾನೂ ಹಾಗೇ ಅಂದುಕೊಳ್ಳುವ ಪ್ರೇಕ್ಷಕನೂ ಇಲ್ಲಿ ಕೀಟನ್ ಕೈಗೆ ಸಿಕ್ಕಿದ್ದಾನೆ. ಇದು ಒಮ್ಮೆ ಹೊಳೆದರೆ ಗುಡಿಸಲಿನ ದೃಶ್ಯದ ಕ್ರೌರ್ಯ ಯಾಕೆ ಬೇಕಿತ್ತು ಅಂತಲೂ ಅರ್ಥವಾಗುತ್ತದೆ.

ಸೇಡಿನ ಕಥೆಯಲ್ಲಿ ಎಷ್ಟು ನಿಜ ಅಂತ ಕೇಳಿದ್ದೀರಿ. ಕೀಟನ್ ಅವರನ್ನು 1917ರಲ್ಲಿ ಸಿನಿಮಾಕ್ಕೆ ತಂದವರು ಹಾಸ್ಯನಟ ರಾಸ್ಕೋ ಆರ್ಬಕಲ್. ಗುರು, ಗೆಳೆಯ ಎರಡೂ. 1921ರ ಸೆಪ್ಟೆಂಬರ್‌ನಲ್ಲಿ ಸ್ಯಾನ್ ಫ್ರಾನ್ಸಿಸ್ಕೋ ಹೋಟೆಲೊಂದರಲ್ಲಿ ಆರ್ಬಕಲ್ ಕೊಟ್ಟ ಪಾರ್ಟಿಯ ನಂತರ ನಟಿ ವರ್ಜೀನಿಯಾ ರ‍್ಯಾಪ್ ತೀರಿಕೊಂಡರು. ಆರೋಪ ಆರ್ಬಕಲ್ ಮೇಲೆ ಬಂತು. ಮೂರು ಸಲ ವಿಚಾರಣೆ ನಡೆದು, 1922ರ ಏಪ್ರಿಲ್ 12ರಂದು ಅವರು ನಿರ್ದೋಷಿ ಎಂದು ತೀರ್ಪಾಯಿತು. ಜ್ಯೂರಿ ಕ್ಷಮೆಯನ್ನೂ ಕೇಳಿತು. ಆದರೂ ಒಂದು ವಾರ ಕಳೆಯುವುದರೊಳಗೆ ಅವರ ಚಿತ್ರಗಳಿಗೆ ನಿಷೇಧ ಬಿತ್ತು. ಈ ಗದ್ದಲದಲ್ಲಿ ಹಾರ್ಟ್ ಆರ್ಬಕಲ್ ವಿರುದ್ಧ ಮಾತಾಡಿದ್ದರು, ಅದಕ್ಕೆ ಉತ್ತರವಾಗಿ ಈ ಚಿತ್ರ ಹುಟ್ಟಿತು, ಇದರ ಮೂಲ ಕಲ್ಪನೆಯೇ ಆರ್ಬಕಲ್ ಅವರದ್ದು ಅಂತ ಹೇಳುವುದುಂಟು. ಚಿತ್ರ ಬಂದಿದ್ದು ಅದೇ ವರ್ಷದ ಆಗಸ್ಟ್‌ನಲ್ಲಿ, ಹಾಗಾಗಿ ಕಾಲ ಹೊಂದುತ್ತದೆ. ಹಾರ್ಟ್ ಬಹಳ ನೊಂದುಕೊಂಡು ತುಂಬ ಕಾಲ ಕೀಟನ್ ಜೊತೆ ಮಾತು ಬಿಟ್ಟಿದ್ದೂ ಎಲ್ಲರೂ ಹೇಳುವ ವಿಷಯ. ಆದರೆ ಸೇಡೇ ಎಲ್ಲಕ್ಕೂ ಕಾರಣ ಅಂದರೆ ನಾನು ಒಪ್ಪಲಾರೆ. ಆ ಪ್ರಕರಣಕ್ಕೂ ಬಿಳಿ ಸಮವಸ್ತ್ರದ ಅಣಕಕ್ಕೂ ಏನು ಸಂಬಂಧ? ಸುರಂಗ ರೈಲಿಗೂ ಪೋಸ್ಟರ್‌ಗೂ ಏನು ಸಂಬಂಧ? ಕೋಪ ಇದ್ದಿರಬಹುದು. ಆದರೆ ಕೀಟನ್ ಸಿಟ್ಟು ತೀರಿಸಿಕೊಂಡು ಸುಮ್ಮನಾಗಲಿಲ್ಲ, ಒಂದು ಸಿನಿಮಾ ಶೈಲಿಯನ್ನೇ ಬಿಚ್ಚಿ ಹರಡಿ ನೋಡಿದರು. ದಯವಿಟ್ಟು ಪ್ರದರ್ಶನಕ್ಕೆ ಮೊದಲು ಈ ಸೇಡಿನ ಕಥೆ ಹೇಳಬೇಡಿ. ಹೇಳಿದರೆ ಜನ ಆ ಸಾವಿನ ಬಗ್ಗೆ ಯೋಚಿಸುತ್ತ ಕೂರುತ್ತಾರೆ. ಹೇಳಲೇಬೇಕಿದ್ದರೆ ಕೊನೆಗೆ ಹೇಳಿ.

ಹಿಮದ ಪ್ರಶ್ನೆಗೆ ಉತ್ತರ ಸುಲಭ. ಕೌಬಾಯ್ ಅಂದರೆ ಬಂಡೆ, ಧೂಳು, ಬಿಸಿಲು ಅಂತ ನಮ್ಮ ಕಲ್ಪನೆ. ರಾಮನಗರದ ಬಂಡೆಗಳ ನಡುವೆ ತೆಗೆದ ‘ಶೋಲೆ’ ಅದನ್ನು ಇನ್ನೂ ಗಟ್ಟಿ ಮಾಡಿತು. ಆದರೆ ಅಮೆರಿಕದಲ್ಲಿ ಆಗ ಉತ್ತರದ ಹಿಮನಾಡಿನ ಸಾಹಸ ಕಥೆಗಳೂ ಜೋರಾಗಿ ಓಡುತ್ತಿದ್ದವು. 1896ರಲ್ಲಿ ಕೆನಡಾದ ಕ್ಲಾಂಡೈಕ್ ಕಡೆ ಚಿನ್ನ ಸಿಕ್ಕಿತು, ಜನ ಅಲ್ಲಿಗೆ ಮುಗಿಬಿದ್ದರು. ಗಣಿಗಾರರು, ನಾಯಿಗಾಡಿ, ಕೆಂಪು ಕೋಟಿನ ಕುದುರೆ ಪೊಲೀಸರು, ಮಂಜಿನಲ್ಲಿ ಸಲೂನು, ಅಂದರೆ ಹೆಂಡದಂಗಡಿ. ಕೌಬಾಯ್ ಕಥೆಯನ್ನೇ ಎತ್ತಿ ಹಿಮದಲ್ಲಿಟ್ಟ ಹಾಗೆ. ಹಾರ್ಟ್ ಕೂಡ ಅಂಥ ಚಿತ್ರಗಳನ್ನು ಮಾಡಿದ್ದಾರೆ. ‘ನನೂಕ್ ಆಫ್ ದಿ ನಾರ್ತ್’ ಸಾಕ್ಷ್ಯಚಿತ್ರ ಬಂದಿದ್ದೂ ಅದೇ 1922ರಲ್ಲಿ. ಕೀಟನ್ ಹಿಮಕ್ಕಾಗಿ ಹೋಗಿದ್ದು ಕ್ಯಾಲಿಫೋರ್ನಿಯಾದ ಟ್ರಕಿ ಎಂಬ ಊರಿಗೆ. ಚಾಪ್ಲಿನ್ ‘ದಿ ಗೋಲ್ಡ್ ರಷ್’ ಚಿತ್ರದ ಹಿಮದ ದೃಶ್ಯಗಳಿಗೆ ಹೋಗಿದ್ದೂ ಅಲ್ಲಿಗೇ. ಗಿಟಾರುಗಳನ್ನು ಕಾಲಿಗೆ ಕಟ್ಟಿಕೊಂಡು ಹಿಮದಲ್ಲಿ ನಡೆಯುವ ದೃಶ್ಯಕ್ಕೆ ನಿಮ್ಮ ಮಕ್ಕಳು ನಕ್ಕಿರಬೇಕು. ಅದಕ್ಕೆ ಯಾವ ಪರಿಚಯವೂ ಬೇಡ.

ಇನ್ನು ಮುಂದಿನ ಪ್ರದರ್ಶನಕ್ಕೆ ಏನು ಮಾಡಬಹುದು ಅಂತ ನೋಡೋಣ.

ದೃಶ್ಯ ಕತ್ತರಿಸಬೇಡಿ. ಅದು ಹೋದರೆ ಹಾರ್ಟ್ ಅವರ ಅಣಕದ ಜೀವವೇ ಹೋಗುತ್ತದೆ. ಉಳಿಯುವುದು ಹಿಮದಲ್ಲಿ ಬಿದ್ದು ಏಳುವ ಹಾಸ್ಯ ಮಾತ್ರ, ಅದಕ್ಕೆ ಕೀಟನ್ ಅವರ ಇದಕ್ಕಿಂತ ಒಳ್ಳೆಯ ಚಿತ್ರಗಳಿವೆ. ಏನೂ ಹೇಳದೆ ಮತ್ತೆ ಹಾಗೇ ಹಾಕಿದರೆ ಮತ್ತೆ ಅದೇ ಮೌನ.

ನನ್ನ ಸಲಹೆ ಇಷ್ಟೇ. ಮೊದಲು ‘ಹೆಲ್ಸ್ ಹಿಂಜಸ್’ ಚಿತ್ರದಿಂದ ಹಾರ್ಟ್ ಅವರ ಹತ್ತು ನಿಮಿಷ ತೋರಿಸಿ. ಬ್ಲೇಜ್ ಟ್ರೇಸಿ ಆ ಹುಡುಗಿಯನ್ನು ಮೊದಲು ನೋಡುವ ದೃಶ್ಯ ಇರಲೇಬೇಕು, ಊರು ಉರಿಯುವ ಭಾಗವೂ ಇದ್ದರೆ ಒಳ್ಳೆಯದು. ಅದನ್ನು ಗೇಲಿ ಮಾಡದೆ ತೋರಿಸಿ. ಆ ಚಿತ್ರಕ್ಕೆ ಈಗಲೂ ಶಕ್ತಿ ಇದೆ, ನಿಮ್ಮ ಹಿರಿಯರು ಅದರಲ್ಲಿ ಮುಳುಗಬಹುದು. ಮುಳುಗಲಿ. ಅದೇ ಬಿಸಿಯಲ್ಲಿ ಕೀಟನ್ ಚಿತ್ರ ಹಾಕಿ. ಕಣ್ಣೀರು ಬಂದಾಗ ಯಾರಾದರೂ ಒಬ್ಬರು ಗುರುತು ಹಿಡಿದು ನಕ್ಕರೆ ಸಾಕು, ಉಳಿದವರೂ ನಗುತ್ತಾರೆ. ಇದರಲ್ಲೂ ಒಂದು ಅಪಾಯ ಇದೆ. ಹಾರ್ಟ್ ತುಂಬ ಹಿಡಿಸಿಬಿಟ್ಟವರಿಗೆ ಕೀಟನ್ ಮೇಲೆ ಸಿಟ್ಟು ಬರಬಹುದು. ಅಂಥವರು ಮಾತಾಡಲು ಎದ್ದರೆ ತಡೆಯಬೇಡಿ, ನೂರು ವರ್ಷದ ಹಿಂದೆ ಹಾರ್ಟ್ ಅವರಿಗೇ ಹಾಗನಿಸಿತ್ತು.

ಸಂಗೀತದಲ್ಲಿ ಹೆಚ್ಚಿನವರು ಎಡವುತ್ತಾರೆ. ಕಾಮಿಡಿ ಅಂತ ಶುರುವಿನಿಂದ ಕೊನೆವರೆಗೆ ಟಿಣಿಟಿಣಿ ಪಿಯಾನೊ ಹಾಕುತ್ತಾರೆ. ಗುಡಿಸಲಿನ ದೃಶ್ಯಕ್ಕೆ ಅದು ವಿಷ. ಅಲ್ಲಿ ಸಂಗೀತ ನಿಜವಾಗಿಯೂ ದುಃಖದ್ದೇ ಇರಬೇಕು, ಹೀರೊಗೆ ನಿಜಕ್ಕೂ ಅನ್ಯಾಯವಾಗಿದೆ ಅನ್ನುವ ಹಾಗೆ. ಊರಲ್ಲಿ ಹಾರ್ಮೋನಿಯಂ ಅಥವಾ ಪಿಟೀಲು ನುಡಿಸುವವರಿದ್ದರೆ ಒಂದು ಕರುಣೆಯ ಆಲಾಪ ಎಳೆಯಲಿ. ಗುಂಡಿನ ಜೊತೆಗೆ ನಿಲ್ಲಿಸಲಿ. ಮನೆ ತಪ್ಪಿತು ಅಂತ ಗೊತ್ತಾಗುವಾಗ ಪೂರ್ತಿ ನಿಶ್ಶಬ್ದ. ಆ ನಿಶ್ಶಬ್ದದಲ್ಲಿ ನಗು ಬರುವುದನ್ನು ನಾನು ನೋಡಿದ್ದೇನೆ.

ಕನ್ನಡ ವಿವರಣೆಗೆ ನನ್ನ ಒಪ್ಪಿಗೆ ಇದೆ, ಅಳತೆ ಮೀರಬಾರದು ಅಷ್ಟೇ. ಮೂಕಿ ಕಾಲದಲ್ಲಿ ನಮ್ಮ ದೇಶದಲ್ಲೂ ಪರದೆ ಪಕ್ಕ ನಿಂತು ಟೈಟಲ್ ಕಾರ್ಡ್ ಓದಿ ಹೇಳುವವರಿದ್ದರು. ನೀವೂ ಕಾರ್ಡ್ ಬಂದಾಗ ಮಾತ್ರ ಕನ್ನಡದಲ್ಲಿ ಓದಿ. ‘ಈಗ ನೋಡಿ, ಇವನು ಪೋಸ್ಟರ್ ಕತ್ತರಿಸುತ್ತಾನೆ’ ಅಂತ ಮೊದಲೇ ಹೇಳಿದರೆ ತಮಾಷೆ ಸತ್ತಂತೆ.

ಕಾಪಿರೈಟ್ ಬಗ್ಗೆ: ಭಾರತದಲ್ಲಿ ಸಿನಿಮಾಗಳ ಹಕ್ಕು ಬಿಡುಗಡೆಯಾದ ಮುಂದಿನ ವರ್ಷದಿಂದ 60 ವರ್ಷ. 1916 ಮತ್ತು 1922ರ ಈ ಎರಡೂ ಚಿತ್ರಗಳ ಅವಧಿ ಯಾವತ್ತೋ ಮುಗಿದಿದೆ. ಅಮೆರಿಕದಲ್ಲೂ ಇವು ಸಾರ್ವಜನಿಕ ಸ್ವತ್ತು. ಆದರೆ ಹಳೆಯ ಚಿತ್ರ ಅಂದರೆ ಎಲ್ಲವೂ ಪುಕ್ಕಟೆ ಅಂದುಕೊಳ್ಳಬೇಡಿ. ಈಚೆಗೆ ದುರಸ್ತಿ ಮಾಡಿ ಹೊರತಂದ ಪ್ರತಿಗಳಲ್ಲಿ ಸಂಗೀತ ಹೊಸದು, ಅದರ ಹಕ್ಕು ಸಂಗೀತಗಾರರದ್ದು ಅಥವಾ ಕಂಪನಿಯದ್ದು. ಕೆಲವು ಕಡೆ ಟೈಟಲ್ ಕಾರ್ಡ್‌ಗಳನ್ನೂ ಹೊಸದಾಗಿ ಬರೆದಿರುತ್ತಾರೆ. ಧ್ವನಿ ಮ್ಯೂಟ್ ಮಾಡಿ ನಿಮ್ಮದೇ ಸಂಗೀತ ನುಡಿಸಿದರೆ ಸಂಗೀತದ ತಕರಾರು ಬರುವುದಿಲ್ಲ. ಕನ್ನಡ ಚಿತ್ರಗೀತೆಗಳ ರೆಕಾರ್ಡ್ ಹಾಕಬೇಡಿ, ಸಾರ್ವಜನಿಕವಾಗಿ ಹಾಕಲು ಪರವಾನಗಿ ಬೇಕು. ಕಾರ್ಯಕ್ರಮದ ವಿಡಿಯೋ ಯೂಟ್ಯೂಬ್‌ಗೆ ಏರಿಸುವ ಯೋಚನೆ ಇದ್ದರಂತೂ ಇದನ್ನು ಜಾಸ್ತಿ ಗಮನಿಸಿ.

ಮಕ್ಕಳ ಬಗ್ಗೆ ನೀವು ನೇರವಾಗಿ ಕೇಳಿಲ್ಲ, ಆದರೂ ಹೇಳಬೇಕು. ಹತ್ತು ವರ್ಷದೊಳಗಿನವರಿಗೆ ಈ ಚಿತ್ರ ಬೇಡ ಅನ್ನುತ್ತೇನೆ. ಅವರಿಗೆ ಹಾರ್ಟ್ ಪರಿಚಯ ಮಾಡಿಸಿದರೂ ಆ ಗುಂಡು ಗುಂಡೇ. ಬದಲಿಗೆ ಆರ್ಬಕಲ್ ಮತ್ತು ಕೀಟನ್ ಸೇರಿ ಮಾಡಿದ 1918ರ ‘ಔಟ್ ವೆಸ್ಟ್’ ಹಾಕಿ ಅಂತ ಯಾರಾದರೂ ಹೇಳಬಹುದು. ಅದೂ ಕೌಬಾಯ್ ಅಣಕವೇ. ಆದರೆ ಅದರಲ್ಲಿ ಸಲೂನಿನ ಬಿಳಿಯರು ಒಬ್ಬ ಕಪ್ಪು ಮನುಷ್ಯನ ಕಾಲ ಬಳಿ ಗುಂಡು ಹಾರಿಸಿ ಕುಣಿಸುವ ದೃಶ್ಯವಿದೆ. ಅದನ್ನು ವಿವರಿಸದೆ ಮಕ್ಕಳ ಮುಂದೆ ಇಡುವುದು ತಪ್ಪು. ನಿಮಗೆ ಒಗ್ಗುವುದು ಹಾಸ್ಯನಟ ವಿಲ್ ರೋಜರ್ಸ್ ಅವರ 1924ರ ‘ಟೂ ವ್ಯಾಗನ್ಸ್, ಬೋತ್ ಕವರ್ಡ್’. ಅದರ ಹಿಂದಿನ ವರ್ಷ ಗೆದ್ದ ‘ದಿ ಕವರ್ಡ್ ವ್ಯಾಗನ್’ ಚಿತ್ರದ ಅಣಕ ಅದು. ಮೂಲದಲ್ಲಿ ದೊಡ್ಡ ಗಾಡಿಗಳ ಸಾಲು ಇಡೀ ಬಯಲು ತುಂಬುತ್ತದೆ, ಇಲ್ಲಿ ಎರಡೇ ಗಾಡಿ. ರೋಜರ್ಸ್ ನಿಜವಾಗಿ ಕುದುರೆ, ಹಗ್ಗದ ಕೆಲಸ ಬಲ್ಲವರು, ಅಮೆರಿಕದ ಆದಿವಾಸಿ ಚೆರೋಕಿ ಮೂಲದವರು. ಅವರ ಅಣಕದಲ್ಲಿ ಚುಚ್ಚು ಕಡಿಮೆ, ಪ್ರೀತಿ ಜಾಸ್ತಿ. ಮಧ್ಯಾಹ್ನ ಮಕ್ಕಳಿಗೆ ಅದನ್ನು ಹಾಕಿ. ಸಂಜೆ ದೊಡ್ಡವರಿಗೆ ಮೊದಲು ಹಾರ್ಟ್, ಆಮೇಲೆ ಕೀಟನ್. ಆ ಹಿರಿಯರನ್ನು ಮರೆಯದೆ ಕರೆಯಿರಿ.